ಏಳು ಮಾತುಗಳ ಪಾತ್ರ

ಎಪ್ಪತ್ತರ ದಶಕದಲ್ಲಿ ರಾಜಾಜಿನಗರದ ಕೈಗಾರಿಕಾ ವಸಾಹತಿನಲ್ಲಿ ಕೆಲಸ ಮಾಡಿದವರ ಪೈಕಿ ಅರ್ಧ ಜನಕ್ಕೆ ನಾನು ಹೆಂಡತಿಯಾಗಿದ್ದೇನೆ. ಫಿಟ್ಟರುಗಳಿಗೆ, ಟರ್ನರುಗಳಿಗೆ, ಟೈಂ ಆಫೀಸಿನ ಗುಮಾಸ್ತರಿಗೆ, ಒಂದು ಸಲ ಕ್ಯಾಂಟೀನಿನ ಮೇಲ್ವಿಚಾರಕರಿಗೂ. ಎಲ್ಲ ಮದುವೆಗಳೂ ಪರದೆ ಎದ್ದಾಗ ಶುರುವಾಗಿ ಪರದೆ ಬಿದ್ದಾಗ ಮುಗಿಯುತ್ತಿದ್ದವು. ನಿಜವಾದ ಮದುವೆ ನನಗೆ ಆಗಲಿಲ್ಲ. ಯಾಕೆ ಆಗಲಿಲ್ಲ ಎಂದು ಕೇಳುವವರಿಗೆ ನಾನು ಉತ್ತರ ಕೊಡುವುದನ್ನು ಬಿಟ್ಟು ಬಹಳ ವರ್ಷಗಳಾದವು.

ಆಗ ಪ್ರತಿ ನವೆಂಬರಿನಲ್ಲಿ ಒಂದೊಂದು ಕಾರ್ಖಾನೆಯ ಕನ್ನಡ ಸಂಘವೂ ಒಂದೊಂದು ನಾಟಕ ಆಡುತ್ತಿತ್ತು. ಆಡುವವರು ನೌಕರರೇ. ಆದರೆ ಹೆಂಗಸಿನ ಪಾತ್ರಕ್ಕೆ ಅವರ ಮನೆಯಿಂದ ಯಾರೂ ಬರುತ್ತಿರಲಿಲ್ಲ, ಬರಲು ಅವರು ಬಿಡುತ್ತಲೂ ಇರಲಿಲ್ಲ. ಅದಕ್ಕೆ ಹೊರಗಿನಿಂದ ನಮ್ಮಂಥವರು ಬೇಕಿತ್ತು. ಗಂಡಸರು ಎರಡು ತಿಂಗಳು ಪಾಳಿ ಮುಗಿಸಿಕೊಂಡು ಬಂದು ರಿಹರ್ಸಲ್ ಮಾಡಿದರೆ, ನಾನು ಹೋಗುತ್ತಿದ್ದುದು ಕೊನೆಯ ಎರಡು ದಿನ. ಅಲ್ಲಿಯವರೆಗೆ ನನ್ನ ಜಾಗದಲ್ಲಿ ಒಂದು ಸ್ಟೂಲು ಇಟ್ಟುಕೊಂಡಿರುತ್ತಿದ್ದರು. ಎರಡು ತಿಂಗಳು ಸ್ಟೂಲಿಗೆ "ಪ್ರಿಯೆ" ಎಂದು ಕರೆದು ರೂಢಿಯಾದವರಿಗೆ ನನ್ನನ್ನು ಕಂಡ ತಕ್ಷಣ ನಾಲಗೆ ಒಣಗುತ್ತಿತ್ತು. ನೆಲ ನೋಡಿಕೊಂಡು ಮಾತು ಒಪ್ಪಿಸುತ್ತಿದ್ದರು. "ಸಾರ್, ನಾನು ಇಲ್ಲಿದೀನಿ" ಎಂದು ನಾನು ಹೇಳಿದರೆ ಉಳಿದವರೆಲ್ಲ ನಗುತ್ತಿದ್ದರು.

ಕರಪತ್ರದಲ್ಲಿ ಪ್ರತಿಯೊಬ್ಬರ ಹೆಸರಿನ ಮುಂದೆ ಅವರವರ ವಿಭಾಗ ಅಚ್ಚಾಗಿರುತ್ತಿತ್ತು. ನನ್ನ ಸಾಲಿನಲ್ಲಿ ಹೆಸರೂ ಇರುತ್ತಿರಲಿಲ್ಲ, "ಹೊರಗಿನ ಕಲಾವಿದೆ" ಎಂದಷ್ಟೇ. ಮೊದಮೊದಲು ಕೋಪ ಬರುತ್ತಿತ್ತು. ಆಮೇಲೆ ರೂಢಿಯಾಯಿತು.

ನಾವಿದ್ದದ್ದು ರಾಜಾಜಿನಗರದ ಒಂದು ವಠಾರದಲ್ಲಿ. ಎಂಟು ಮನೆಗೆ ಒಂದು ನಲ್ಲಿ. ನಾನು ಮತ್ತು ಅಮ್ಮ, ಇಬ್ಬರೇ. ಅಮ್ಮ ಕಂಪನಿ ನಾಟಕದಲ್ಲಿ ಮೂವತ್ತು ವರ್ಷ ಬಣ್ಣ ಹಚ್ಚಿದವಳು. ಮೈಕು ಇಲ್ಲದ ಕಾಲದಲ್ಲಿ, ಟೆಂಟಿನ ಕೊನೆಯ ಸಾಲಿನಲ್ಲಿ ನೆಲದ ಮೇಲೆ ಕುಳಿತವರಿಗೂ ಕೇಳುವಂತೆ ಪಿಸುಮಾತು ಆಡಬಲ್ಲವಳು. ನಾನು ಹುಟ್ಟಿದ್ದೇ ಯಾವುದೋ ಊರಿನ ಕ್ಯಾಂಪಿನಲ್ಲಿ. ಕಂಪನಿ ಮುಚ್ಚಿದ ಮೇಲೆ, ಹಾರ್ಮೋನಿಯಂ ನುಡಿಸುತ್ತಿದ್ದ ಅಪ್ಪನೂ ತೀರಿಕೊಂಡ ಮೇಲೆ, ನಾವು ಬೆಂಗಳೂರಿಗೆ ಬಂದೆವು. ಅಮ್ಮನಿಗೆ ವಯಸ್ಸಾಗಿತ್ತು. ಹೊಟ್ಟೆಪಾಡಿಗೆ ನಾನು ರಂಗಕ್ಕೆ ಇಳಿದೆ.

ಅಮ್ಮ ನನಗೆ ಕಲಿಸಿದ್ದೆಲ್ಲ ಕಂಪನಿಯ ಕಟ್ಟುಪಾಡು. ಅದರಲ್ಲಿ ಮೊದಲನೆಯದು ವೀಳ್ಯ. ಪಾತ್ರ ಒಪ್ಪಿಸಲು ಬಂದವರು ತಟ್ಟೆಯಲ್ಲಿ ಎಲೆ ಅಡಿಕೆ ಇಟ್ಟು ಕೊಡಬೇಕು, ನಾವು ಎದ್ದು ನಿಂತು ಎರಡೂ ಕೈಯಲ್ಲಿ ತೆಗೆದುಕೊಳ್ಳಬೇಕು. ತೆಗೆದುಕೊಂಡರೆ ಮುಗಿಯಿತು, ಆ ದಿನ ಜ್ವರ ಬಂದರೂ ರಂಗಕ್ಕೆ ಹೋಗಲೇಬೇಕು. ಕಾರ್ಖಾನೆಯ ಸಂಘದವರಿಗೆ ಇದೆಲ್ಲ ಗೊತ್ತಿರಲಿಲ್ಲ. ಬಾಗಿಲಲ್ಲೇ ನಿಂತು "ಮೇಡಂ, ಈ ಸಲಾನೂ ನೀವೇ ಬರ್ಬೇಕು" ಎಂದು ಹೋಗಿಬಿಡುತ್ತಿದ್ದರು. ಅಮ್ಮ ಅವರನ್ನು ಒಳಗೆ ಕೂರಿಸಿ, ಮನೆಯಲ್ಲಿದ್ದ ಎಲೆ ಅಡಿಕೆಯನ್ನೇ ಅವರ ಕೈಗೆ ಕೊಟ್ಟು, ನನಗೆ ಕೊಡುವಂತೆ ಹೇಳುತ್ತಿದ್ದಳು. ಪಾಪ, ಅವರು ಗಾಬರಿಯಿಂದ ನನಗೇ ನಮಸ್ಕಾರ ಮಾಡಿ ಹೋಗುತ್ತಿದ್ದರು.

ಕಣ್ಣು ಚೆನ್ನಾಗಿದ್ದಷ್ಟು ಕಾಲ ಅಮ್ಮ ನನ್ನ ಎಲ್ಲ ನಾಟಕಗಳಿಗೂ ಬಂದಳು. ನೌಕರರ ಹೆಂಡತಿಯರ ಜೊತೆ ಮುಂದಿನ ಸಾಲಿನಲ್ಲಿ ಕೂತಿರುತ್ತಿದ್ದಳು. ಮನೆಗೆ ಬರುವ ದಾರಿಯಲ್ಲೇ ತಪ್ಪುಗಳ ಪಟ್ಟಿ ಶುರು. "ಎರಡನೇ ಅಂಕದಲ್ಲಿ ಉಸಿರು ಎಲ್ಲಿ ಬಿಟ್ಟೆ? ಮಾತು ಮುಗಿಯೋಕ್ಕೆ ಮುಂಚೆ ಯಾಕೆ ತಿರುಗಿದೆ?" ಒಂದು ದಿನವೂ ಚೆನ್ನಾಗಿತ್ತು ಎಂದು ಹೇಳಿದ ನೆನಪಿಲ್ಲ.

ಆಮೇಲೆ ಕಣ್ಣಿನೊಳಗೆ ಒತ್ತಡ ಹೆಚ್ಚಾಗಿ ದೃಷ್ಟಿ ಹೋಗತೊಡಗಿತು. ನಾವು ಆಸ್ಪತ್ರೆಗೆ ಹೋಗುವ ಹೊತ್ತಿಗೆ ತಡವಾಗಿತ್ತು. ಹೋದದ್ದು ಬರುವುದಿಲ್ಲ ಎಂದರು ಡಾಕ್ಟರು. ಬಾಗಿಲು ಯಾವ ಕಡೆ ಎಂದು ತಿಳಿಯುವಷ್ಟು ಬೆಳಕು ಮಾತ್ರ ಅವಳಿಗೆ ಉಳಿಯಿತು. ಅಂದಿನಿಂದ ನಾನು ಅವಳನ್ನು ನಾಟಕಕ್ಕೆ ಕರೆದುಕೊಂಡು ಹೋಗಲಿಲ್ಲ. ಕೈ ಹಿಡಿದು ನಡೆಸಬೇಕು, ಕೂರಿಸಬೇಕು, ನಾನು ಬಣ್ಣ ಹಚ್ಚಿಕೊಳ್ಳುವಾಗ ಅವಳನ್ನು ಯಾರು ನೋಡಿಕೊಳ್ಳುತ್ತಾರೆ? ಇವು ನಾನು ಕೊಟ್ಟುಕೊಂಡ ಕಾರಣಗಳು. ತಪ್ಪುಗಳ ಪಟ್ಟಿ ಕೇಳುವುದು ತಪ್ಪಿತಲ್ಲ ಎಂದು ಒಳಗೊಳಗೆ ಹಾಯೆನಿಸಿದ್ದೂ ನಿಜ. ಅಮ್ಮ ಕರೆದುಕೊಂಡು ಹೋಗು ಎಂದು ಒಂದು ಸಲವೂ ಕೇಳಲಿಲ್ಲ.

ಈ ನಡುವೆ ಸಿನಿಮಾದ ಚಿಲ್ಲರೆ ಕೆಲಸಗಳೂ ಬರುತ್ತಿದ್ದವು. ಒಮ್ಮೆ ನರ್ಸು, ಒಮ್ಮೆ ಆರತಿ ತಟ್ಟೆ ಹಿಡಿದವಳು, ಒಮ್ಮೆ ಕೊಡ ಹೊತ್ತು ಬರುವ ಮೂವರಲ್ಲಿ ನಡುವಿನವಳು. ಪ್ರತಿ ಸಲ ಮನೆಗೆ ಬಂದಾಗ ಅಮ್ಮ ಕೇಳುತ್ತಿದ್ದಳು, "ಏನು ಮಾತು ಇತ್ತು?" ನಾನು "ಏನೂ ಇಲ್ಲ" ಎನ್ನುತ್ತಿದ್ದೆ. ಅವಳಿಗೆ ಅದು ಅರ್ಥವಾಗುತ್ತಿರಲಿಲ್ಲ. ಮಾತಿಲ್ಲದ ಪಾತ್ರವನ್ನು ಕಂಪನಿಯಲ್ಲಿ ಪಾತ್ರ ಎಂದು ಕರೆಯುತ್ತಿರಲಿಲ್ಲ.

ಕೊನೆಗೂ ಮಾತಿರುವ ಪಾತ್ರ ಒಂದು ಬಂತು. ಕಾರ್ಖಾನೆಯ ನಾಟಕದಲ್ಲಿ ನನ್ನನ್ನು ನೋಡಿದ್ದ ಸಿನಿಮಾದ ಮ್ಯಾನೇಜರೊಬ್ಬರು ವಠಾರದ ವಿಳಾಸ ಹುಡುಕಿಕೊಂಡು ಬಂದರು. ನಾಯಕಿಯ ಅಕ್ಕನ ಪಾತ್ರ. ಒಂದೇ ದೃಶ್ಯ, ಏಳು ಮಾತು. ಇಷ್ಟವಿಲ್ಲದ ಮದುವೆಯಿಂದ ತಪ್ಪಿಸಿಕೊಂಡು ಹೋಗುತ್ತಿರುವ ತಂಗಿಯನ್ನು ಅಕ್ಕ ಹಿತ್ತಲ ಬಾಗಿಲಿನಿಂದ ಕಳಿಸಿಕೊಡುತ್ತಾಳೆ. ಕೊನೆಯ ಮಾತು ಹೀಗಿತ್ತು: "ಈ ಬಾಗಿಲು ತೆರೆದೇ ಇರುತ್ತೆ. ಆದರೆ ನೀನು ಬರಬೇಡ."

ನಾನು ಓದಿ ಹೇಳಿದ್ದನ್ನು ಅಮ್ಮ ಎರಡೇ ಸಲ ಕೇಳಿ ಬಾಯಿಪಾಠ ಮಾಡಿಕೊಂಡಳು. ಆಮೇಲೆ ಹತ್ತು ದಿನ ಆ ಏಳು ಮಾತು ನಮ್ಮ ಮನೆಯಲ್ಲಿ ಅಕ್ಕಿ ಆರಿಸುವಾಗ, ಬಟ್ಟೆ ಮಡಿಸುವಾಗ, ಸಾರಿಗೆ ಒಗ್ಗರಣೆ ಹಾಕುವಾಗ ನಡೆಯಿತು. "ಅಳಬೇಡ. ಅಳೋದು ನೋಡೋರ ಕೆಲಸ. 'ಬರಬೇಡ' ಅನ್ನೋವಾಗ ದನಿ ಏರಿಸ್ಬೇಡ, ಇಳಿಸು." ಅವಳ ಕಣ್ಣು ಹೋದ ಮೇಲೆ ಅಷ್ಟು ಖುಷಿಯಾಗಿ ಅವಳನ್ನು ನಾನು ಕಂಡಿರಲಿಲ್ಲ. ನಲ್ಲಿಯ ಹತ್ತಿರ ಎಲ್ಲರಿಗೂ ಹೇಳಿದಳು. ನನಗೂ ಒಂದು ದಿನ ಹೇಳಿದಳು, "ನಾನು ಮೂವತ್ತು ವರ್ಷ ಮಾತಾಡಿದ್ದೆಲ್ಲ ಗಾಳೀಲಿ ಹೋಯ್ತು. ನಿಂದು ಹಾಗಾಗಲ್ಲ. ನಿನ್ನ ಮುಖ ನಂಗೆ ಕಾಣದೇ ಇರ್ಬಹುದು, ಥಿಯೇಟರಲ್ಲಿ ಕೂತು ನಿನ್ನ ದನಿ ಕೇಳ್ತೀನಿ. ಅಷ್ಟು ಸಾಕು."

ಚಿತ್ರೀಕರಣ ಕೆಂಗೇರಿಯ ಆಚೆ ಒಂದು ಹಳೆಯ ಮನೆಯಲ್ಲಿ ನಡೆಯಿತು. ಅಮ್ಮ ಹೇಳಿಕೊಟ್ಟಂತೆಯೇ ಮಾಡಿದೆ. ನಿರ್ದೇಶಕರು "ಭೇಷ್" ಎಂದರು. ಸಹಾಯಕ ನಿರ್ದೇಶಕರು ಪಕ್ಕಕ್ಕೆ ಕರೆದು, "ಕ್ಯಾಮೆರಾ ಸದ್ದು, ಕಾಗೆ ಸದ್ದು ಎಲ್ಲಾ ಸೇರ್ಕೊಂಡಿದೆ ಮೇಡಂ. ಈ ದನಿ ಉಪಯೋಗಕ್ಕೆ ಬರಲ್ಲ. ಮದ್ರಾಸಲ್ಲಿ ಡಬ್ಬಿಂಗ್ ಇರುತ್ತೆ, ಅಲ್ಲಿ ಬಂದು ಇನ್ನೊಂದ್ಸಲ ಹೇಳ್ಬೇಕು" ಎಂದರು. ಇದನ್ನು ನಾನು ಮನೆಯಲ್ಲಿ ಹೇಳಲಿಲ್ಲ. ಮುಖ ಒಂದು ಕಡೆ, ದನಿ ಇನ್ನೊಂದು ಕಡೆ ಎಂಬ ಲೆಕ್ಕವನ್ನು ಅಮ್ಮನಿಗೆ ವಿವರಿಸಲು ಹೋದರೆ ಅವಳ ಖುಷಿ ಕೆಡುತ್ತದೆ ಎನಿಸಿತು. ಮದ್ರಾಸಿಗೆ ಹೋಗಿ ಹೇಳಿ ಬಂದರೆ ಆಯಿತಲ್ಲ.

ನವೆಂಬರ್ ಬಂತು. ವಠಾರದಿಂದ ಹತ್ತು ನಿಮಿಷ ನಡೆದರೆ ಸಿಗುವ ಒಂದು ಕಾರ್ಖಾನೆಯವರು ನನಗೆ ಪಾತ್ರ ಒಪ್ಪಿಸಿ ಹೋಗಿದ್ದರು. ಶನಿವಾರ ನಾಟಕ. ಗುರುವಾರ ಮಧ್ಯಾಹ್ನ ಮದ್ರಾಸಿನಿಂದ ತಂತಿ ಬಂತು: ಶನಿವಾರ ಡಬ್ಬಿಂಗ್, ಕೂಡಲೇ ಹೊರಟು ಬನ್ನಿ.

ತಂತಿ ಎಂದರೆ ಆಗ ಸಾವಿನ ಸುದ್ದಿ. ವಠಾರದವರೆಲ್ಲ ಬಾಗಿಲಿಗೆ ಬಂದರು. ಏನಿಲ್ಲ, ಸಿನಿಮಾದವರದು ಎಂದು ಅವರನ್ನು ಕಳಿಸಿ ಒಳಗೆ ಬಂದೆ.

"ಏನಂತೆ?" ಎಂದಳು ಅಮ್ಮ.

"ಶನಿವಾರ ಮದ್ರಾಸಿಗೆ ಬರ್ಬೇಕಂತೆ. ಸ್ವಲ್ಪ ಕೆಲಸ ಬಾಕಿ ಇದೆಯಂತೆ."

"ಶನಿವಾರ ನಾಟಕ ಅಲ್ವೇನೇ?"

"ಹೌದು."

"ವೀಳ್ಯ ತಗೊಂಡಾಗಿದೆ."

"ತಗೊಂಡಾಗಿದೆ."

"ಮತ್ತೆ ಇದ್ರಲ್ಲಿ ಯೋಚನೆ ಮಾಡೋದೇನಿದೆ? ಸೋಮವಾರ ಬರ್ತೀನಿ ಅಂತ ತಂತಿ ಕೊಡು. ಬಾಕಿ ಕೆಲಸ ಎರಡು ದಿನ ಕಾಯುತ್ತೆ."

ಬಾಕಿ ಇದ್ದ ಕೆಲಸ ಯಾವುದೆಂದು ಅವಳು ಕೇಳಲಿಲ್ಲ, ನಾನು ಹೇಳಲಿಲ್ಲ. ಹೇಳಬಹುದಿತ್ತು. ಒಂದೇ ವಾಕ್ಯ ಸಾಕಿತ್ತು. ಆದರೆ ನನ್ನ ಹಠ ಬೇರೆ ಇತ್ತು. ನಾನು ಕೇಳದೆಯೇ ಅವಳು "ಹೋಗು, ಈ ಒಂದು ಸಲ ವೀಳ್ಯ ಮುರಿದರೆ ಪರವಾಗಿಲ್ಲ" ಎನ್ನಬೇಕಿತ್ತು. ಅವಳ ಕಟ್ಟುಪಾಡಿಗಿಂತ ನಾನು ದೊಡ್ಡವಳೋ ಅಲ್ಲವೋ ನೋಡಬೇಕಿತ್ತು. ನೋಡಿದೆ. ಸಿಟ್ಟಿನಲ್ಲೇ ಅಂಚೆ ಕಚೇರಿಗೆ ಹೋಗಿ ಸೋಮವಾರ ಬರುತ್ತೇನೆ ಎಂದು ತಂತಿ ಕೊಟ್ಟೆ. ಉತ್ತರ ಬರಲಿಲ್ಲ.

ಶುಕ್ರವಾರದ ರಿಹರ್ಸಲ್ಲಿನಲ್ಲಿ ಸಂಘದ ಕಾರ್ಯದರ್ಶಿ, "ಅಮ್ಮನವ್ರನ್ನೂ ಕರ್ಕೊಂಡ್ ಬನ್ನಿ ಮೇಡಂ, ಮುಂದೆ ಕುರ್ಚಿ ಹಾಕಿಸ್ತೀನಿ" ಎಂದರು. ನಾನು ಮೂಗಿನ ತುದಿಯಲ್ಲೇ ಕೋಪ ಇಟ್ಟುಕೊಂಡಿದ್ದೆ. "ಅವ್ರಿಗೆ ಕಣ್ಣು ಕಾಣಲ್ಲ ಸಾರ್. ಬಂದು ಏನು ನೋಡ್ತಾರೆ?" ಎಂದೆ. ಆ ಮನುಷ್ಯ ತಪ್ಪು ಮಾತಾಡಿದವರಂತೆ ನಾಲಗೆ ಕಚ್ಚಿಕೊಂಡರು.

ಶನಿವಾರ ಕಾರ್ಖಾನೆಯ ಮೈದಾನದಲ್ಲಿ ಶಾಮಿಯಾನ ಹಾಕಿದ್ದರು. ನಾನು ಯಾವತ್ತೂ ಆಡದಷ್ಟು ಚೆನ್ನಾಗಿ ಆಡಿದೆ. ಇದು ಜಂಬದ ಮಾತಲ್ಲ. ಒಳಗಿದ್ದ ಸಿಟ್ಟು, ದುಃಖ ಎಲ್ಲ ದನಿಗೆ ಇಳಿದಿತ್ತು. ಮೈಕು ನಡುವೆ ಕೆಟ್ಟುಹೋಯಿತು, ನಾನು ನಿಲ್ಲಿಸಲಿಲ್ಲ. ಗೇಟಿನ ಹತ್ತಿರ ನಿಂತಿದ್ದ ವಾಚ್‌ಮನ್ನಿಗೂ ಪ್ರತಿ ಮಾತು ಕೇಳಿಸಿತಂತೆ. ಮುಂದಿನ ಸಾಲಿನ ಹೆಂಗಸರು ಸೆರಗಿನಿಂದ ಕಣ್ಣೊರೆಸಿಕೊಳ್ಳುತ್ತಿದ್ದರು. ನನ್ನ ಗಂಡನಾಗಿದ್ದ ವೆಲ್ಡರ್ ಕೊನೆಯ ದೃಶ್ಯದಲ್ಲಿ ತನ್ನ ಮಾತು ಮರೆತು ನಿಜವಾಗಿ ಅತ್ತುಬಿಟ್ಟರು. ಮನೆಗೆ ಬಂದಾಗ ಅಮ್ಮ ಎದ್ದೇ ಕೂತಿದ್ದಳು. "ಹೇಗಾಯ್ತು?" ಎಂದಳು. "ಆಯ್ತು" ಎಂದು ಮಲಗಿದೆ.

ಮದ್ರಾಸಿನಿಂದ ಉತ್ತರ ಬಾರದ್ದರಿಂದ ಸೋಮವಾರ ನಾನು ಹೊರಡಲಿಲ್ಲ. ವಾರ ಬಿಟ್ಟು ಸಿನಿಮಾದ ಮ್ಯಾನೇಜರನ್ನು ಹುಡುಕಿಕೊಂಡು ಗಾಂಧಿನಗರಕ್ಕೆ ಹೋದೆ. "ಅಯ್ಯೋ, ಅದು ಅವತ್ತೇ ಮುಗೀತಲ್ಲ ಮೇಡಂ. ನೀವು ಬರಲ್ಲ ಅಂದ್ರಿ. ಅಲ್ಲೇ ಒಬ್ರು ಸಿಕ್ಕಿದ್ರು, ಹೇಳಿಸ್ಬಿಟ್ವಿ" ಎಂದರು. ಅವರಿಗೆ ಅದು ಸಣ್ಣ ವಿಷಯ. ನಾನು ಮೆಜೆಸ್ಟಿಕ್ಕಿನವರೆಗೆ ನಡೆದು ಬಂದು, ಬಸ್ಸು ಹತ್ತದೆ, ರಾಜಾಜಿನಗರದವರೆಗೂ ನಡೆದೆ. ಮನೆಯಲ್ಲಿ ಹೇಳಲಿಲ್ಲ. ಮೊದಲು ಸಿಟ್ಟಿನಿಂದ ಹೇಳಲಿಲ್ಲ. ಆಮೇಲೆ ಹೇಳುವ ಧೈರ್ಯ ಇರಲಿಲ್ಲ.

ಬೇಸಿಗೆಯಲ್ಲಿ ಸಿನಿಮಾ ಬಿಡುಗಡೆಯಾಯಿತು. ಮಾಗಡಿ ರಸ್ತೆಯ ಕಡೆಯ ಒಂದು ಥಿಯೇಟರಿಗೂ ಬಂತು. ಅಮ್ಮ ದಿನಾ ಬೆಳಗ್ಗೆ ಕೇಳತೊಡಗಿದಳು, "ಇವತ್ತು ಹೋಗೋಣ್ವೇನೇ?" ಟಿಕೆಟ್ ಸಿಗುತ್ತಿಲ್ಲ ಎಂದೆ, ತಲೆನೋವು ಎಂದೆ. ಅವಳಿಗೆ ಗೊತ್ತಾಗದಂತೆ ಮ್ಯಾಟಿನಿಗೆ ಒಬ್ಬಳೇ ಹೋದೆ.

ಹಿತ್ತಲ ಬಾಗಿಲು ತೆರೆಯಿತು. ಪರದೆಯ ಮೇಲೆ ನನ್ನ ಮುಖ ನನ್ನ ಮನೆಯ ಗೋಡೆಯಷ್ಟು ದೊಡ್ಡದಾಗಿತ್ತು. ಬಾಯಿ ಅಲ್ಲಾಡಿತು, ಯಾರದೋ ದನಿ ಹೊರಬಂತು. ತೆಳ್ಳಗಿನ, ಚಿಕ್ಕ ವಯಸ್ಸಿನ ದನಿ. ಕೆಟ್ಟದಾಗಿದ್ದರೆ ಬೈದುಕೊಂಡು ಸಮಾಧಾನ ಮಾಡಿಕೊಳ್ಳಬಹುದಿತ್ತು. ಅವಳು ಚೆನ್ನಾಗಿಯೇ ಹೇಳಿದ್ದಳು. ನನಗೆ ಹೊಟ್ಟೆ ಉರಿಯಿತು.

ಆಗ ಹೊಳೆದದ್ದು ಈ ಉಪಾಯ. ಅಮ್ಮನಿಗೆ ಪರದೆ ಕಾಣುವುದಿಲ್ಲ. ದೃಶ್ಯ ಬಂದಾಗ ಅವಳ ಕಿವಿಯ ಹತ್ತಿರ ನಾನೇ ಏಳೂ ಮಾತು ಹೇಳಿಬಿಟ್ಟರೆ? ಮರುದಿನ ಮತ್ತೆ ಮ್ಯಾಟಿನಿಗೆ ಹೋದೆ. ನನ್ನ ತುಟಿಯನ್ನೇ ನೋಡುತ್ತಾ, ಎಲ್ಲಿ ಶುರು, ಎಲ್ಲಿ ನಿಲುಗಡೆ ಎಂದು ಬಾಯೊಳಗೇ ಅಭ್ಯಾಸ ಮಾಡಿದೆ. ಪಕ್ಕದಲ್ಲಿದ್ದ ಹೆಂಗಸು ನಾನು ಮಂತ್ರ ಹೇಳುತ್ತಿದ್ದೇನೆ ಎಂದುಕೊಂಡು ಸ್ವಲ್ಪ ಸರಿದು ಕೂತಳು.

ಮೂರನೆಯ ದಿನ ಅಮ್ಮನನ್ನು ಕರೆದುಕೊಂಡು ಹೋದೆ. ಅವಳು ಜರಿಯಂಚಿನ ಸೀರೆ ಉಟ್ಟು ಮಲ್ಲಿಗೆ ಮುಡಿದಿದ್ದಳು. ಸಿನಿಮಾ ಶುರುವಾದ ಮೇಲೆ ಕತ್ತನ್ನು ಸ್ವಲ್ಪ ಓರೆ ಮಾಡಿ ಕೇಳಿಸಿಕೊಳ್ಳತೊಡಗಿದಳು.

"ಇವ್ನು ಯಾರು?"

"ಹೀರೋ."

"ಯಾಕೆ ಹೀಗೆ ಕಿರುಚ್ತಾನೆ? ಎದುರಿಗಿರೋಳು ಕಿವುಡಿಯಾ?"

ನನಗೆ ನಗು ಬರಲಿಲ್ಲ. ಹಿತ್ತಲ ಬಾಗಿಲಿನ ದೃಶ್ಯಕ್ಕೆ ಕಾಯುತ್ತಾ ಮೊದಲ ಮಾತನ್ನು ಬಾಯೊಳಗೇ ಹೇಳಿಕೊಳ್ಳುತ್ತಿದ್ದೆ. ಬಾಗಿಲಿನ ಅಗುಳಿ ತೆಗೆದ ಸದ್ದು ಬಂತು. ನಾನು ಅಮ್ಮನ ಕಿವಿಗೆ ಬಾಯಿ ಹಚ್ಚಿ, ಅಭ್ಯಾಸ ಮಾಡಿದಂತೆಯೇ ಮೊದಲ ಮಾತು ಹೇಳಿದೆ. ಸರಿಯಾಗಿ ಕೂತಿತು. ಎರಡನೆಯದೂ ಕೂತಿತು. ಮೂರನೆಯದರಲ್ಲಿ ಎರಡು ದನಿಗಳು ಒಂದಕ್ಕೊಂದು ಡಿಕ್ಕಿ ಹೊಡೆದವು. ಆ ಹುಡುಗಿಯ ದನಿಯನ್ನು ಮುಚ್ಚಿಹಾಕಬೇಕೆಂದು ನಾನು ಗೊತ್ತಿಲ್ಲದೆಯೇ ದನಿ ಏರಿಸಿದ್ದೆ. ಹಿಂದಿನಿಂದ ಯಾರೋ, "ರೀ, ಮನೇಲಿ ಮಾತಾಡ್ಕೊಳ್ರೀ!" ಎಂದರು.

ಅಮ್ಮನ ಕೈ ಕತ್ತಲಲ್ಲಿ ತಡಕಾಡಿತು. ಮೊದಲು ನನ್ನ ಕೆನ್ನೆ ಸಿಕ್ಕಿತು, ಆಮೇಲೆ ತುಟಿ. ಅಂಗೈಯಿಂದ ನನ್ನ ಬಾಯಿ ಮುಚ್ಚಿದಳು. ಉಳಿದ ನಾಲ್ಕು ಮಾತು ಮುಗಿಯುವವರೆಗೂ ಕೈ ತೆಗೆಯಲಿಲ್ಲ. ಕೊನೆಯ "ಬರಬೇಡ" ಬಂದಾಗ ಅವಳ ತಲೆ ನಿಧಾನವಾಗಿ ಆಡಿತು, ಮೆಚ್ಚಿದಾಗ ಆಡುವಂತೆ.

"ಇನ್ನೊಬ್ರು ಪಾತ್ರ ಮಾಡೋವಾಗ ಮಧ್ಯ ಬಾಯಿ ಹಾಕ್ತಾರೇನೇ?" ಎಂದಳು ಆಮೇಲೆ, ಮೆಲ್ಲಗೆ.

ಎದ್ದು ಹೋಗೋಣ ಎಂದೆ. ಪೂರ್ತಿ ಮುಗಿಯಲಿ ಎಂದಳು. ಉಳಿದ ಒಂದು ಗಂಟೆಯಲ್ಲಿ ಪರದೆಯ ಮೇಲೆ ಏನಾಯಿತೋ ನನಗೆ ಗೊತ್ತಿಲ್ಲ. ಅವಳ ಪಕ್ಕ ಕೂತು ಸದ್ದು ಮಾಡದೆ ಅತ್ತೆ.

ಹೊರಗೆ ಬಿಸಿಲು ಇನ್ನೂ ಇಳಿದಿರಲಿಲ್ಲ. ಜನ ಕರಗುವವರೆಗೆ ಥಿಯೇಟರಿನ ಗೋಡೆಯ ನೆರಳಿನಲ್ಲಿ ಅವಳನ್ನು ನಿಲ್ಲಿಸಿಕೊಂಡು ನಿಂತೆ. ಅಮ್ಮನೇ ಮಾತು ತೆಗೆದಳು.

"ಮದ್ರಾಸಲ್ಲಿ ಬಾಕಿ ಇದ್ದ ಕೆಲಸ ಇದೇನಾ?"

"ಹೂಂ."

"ದನಿ ಬೇರೆ ತೆಗೀತಾರಾ?"

"ಹೂಂ."

"ಅವತ್ತು ಯಾಕೆ ಹೇಳ್ಲಿಲ್ಲ?"

ಆರು ತಿಂಗಳ ಸಿಟ್ಟು ಒಮ್ಮೆಲೇ ಬಂತು. "ಹೇಳಿದ್ರೆ ಕಳಿಸ್ತಿದ್ಯಾ?" ಎಂದು ಕೇಳಿದೆ. ರಸ್ತೆಯಲ್ಲಿ ಹೋಗುವವರು ತಿರುಗಿ ನೋಡುವಷ್ಟು ಜೋರಾಗಿ ಕೇಳಿದೆ.

ನನ್ನನ್ನು ಸಮಾಧಾನ ಮಾಡಲು ಅವಳು ಕಳಿಸುತ್ತಿದ್ದೆ ಎಂದು ಹೇಳಬಹುದಿತ್ತು. ಅಮ್ಮ ಹಾಗೆ ಹೇಳುವವಳಲ್ಲ.

"ಇಲ್ಲ. ಕಳಿಸ್ತಿರ್ಲಿಲ್ಲ."

"ಮತ್ತೆ ಹೇಳಿ ಏನಾಗ್ತಿತ್ತು?"

"ನಾಟಕಕ್ಕೆ ನಾನೂ ಬರ್ತಿದ್ದೆ ಕಣೇ" ಎಂದಳು. "ನಿನ್ನ ದನಿ ಅವತ್ತು ಫ್ಯಾಕ್ಟರಿ ಮೈದಾನದಲ್ಲಿತ್ತು. ನಾನು ಅದು ಸಿನಿಮಾದಲ್ಲಿ ಬರುತ್ತೆ ಅಂತ ಮನೇಲಿ ಕೂತಿದ್ದೆ."

ಅವಳ ಕಣ್ಣು ಹೋಗಿ ಆಗ ನಾಲ್ಕು ವರ್ಷ. ಕಿವಿ ಎರಡೂ ಚೆನ್ನಾಗಿದ್ದವು. ಆ ನಾಲ್ಕು ವರ್ಷದಲ್ಲಿ ನಾನು ರಾಜಾಜಿನಗರದಲ್ಲೇ ಎಷ್ಟೊಂದು ನಾಟಕ ಆಡಿದ್ದೆ, ನಡೆದು ಹೋಗುವಷ್ಟು ಹತ್ತಿರದಲ್ಲಿ. ಒಂದಕ್ಕೂ ಅವಳನ್ನು ಕರೆದಿರಲಿಲ್ಲ.